ಬೆಲೆ ಇಳಿಸಿದ ಇಬ್ಬರು, ಬಾಕಿ ಉಳಿಸಿಕೊಂಡ ನಾವು

2006ರಲ್ಲಿ ಕಣ್ಣು ಕಾಣದ ವಿದ್ಯಾರ್ಥಿಯೊಬ್ಬ ಕಂಪ್ಯೂಟರ್ ಬಳಸಬೇಕೆಂದರೆ ಎರಡು ಕಡೆ ದುಡ್ಡು ಹೊಂದಿಸಬೇಕಿತ್ತು. ಮೊದಲನೆಯದು ಕಂಪ್ಯೂಟರಿಗೆ. ಎರಡನೆಯದು, ಪರದೆಯ ಮೇಲಿರುವುದನ್ನು ಗಟ್ಟಿಯಾಗಿ ಓದಿ ಹೇಳುವ ಸ್ಕ್ರೀನ್ ರೀಡರ್ ಎಂಬ ತಂತ್ರಾಂಶಕ್ಕೆ. ಆಗ ಹೆಚ್ಚು ಬಳಕೆಯಲ್ಲಿದ್ದ ಸ್ಕ್ರೀನ್ ರೀಡರಿನ ಬೆಲೆ ಸಾವಿರ ಡಾಲರಿನ ಆಸುಪಾಸಿನಲ್ಲಿತ್ತು. ಅಂದಿನ ವಿನಿಮಯ ದರದಲ್ಲಿ ಅದು ಸುಮಾರು 45 ಸಾವಿರ ರೂಪಾಯಿ. ಎಷ್ಟೋ ಸಲ ಕಂಪ್ಯೂಟರಿಗಿಂತ ಅದನ್ನು ಓದಿಸುವ ತಂತ್ರಾಂಶವೇ ದುಬಾರಿಯಾಗುತ್ತಿತ್ತು. ಕಣ್ಣಿರುವವರು ಒಂದು ಬೆಲೆ ಕೊಟ್ಟು ಕೊಳ್ಳುವ ವಸ್ತುವನ್ನು ಕಣ್ಣಿಲ್ಲದವರು ಎರಡು ಬೆಲೆ ಕೊಟ್ಟು ಕೊಳ್ಳಬೇಕಾದ ಕಾಲ ಅದು.

ಅದೇ ವರ್ಷದ ಏಪ್ರಿಲ್‌ನಲ್ಲಿ ಆಸ್ಟ್ರೇಲಿಯಾದ ಮೈಕೆಲ್ ಕರನ್ ಎಂಬ ಅಂಧ ಯುವಕ ಹೊಸದೊಂದು ಸ್ಕ್ರೀನ್ ರೀಡರ್ ಬರೆಯಲು ಕುಳಿತರು. ಬಾಲ್ಯದಲ್ಲಿ ಅಂಧ ಮಕ್ಕಳ ಸಂಗೀತ ಶಿಬಿರವೊಂದರಲ್ಲಿ ಪರಿಚಯವಾಗಿದ್ದ ಜೇಮ್ಸ್ ಟೇ ಅವರ ಜೊತೆಗೂಡಿದರು. ಟೇ ಅವರಿಗೂ ಕಣ್ಣು ಕಾಣುವುದಿಲ್ಲ. ಇಬ್ಬರಿಗೂ ಕಂಪ್ಯೂಟರಿನ ಹುಚ್ಚು. ಅವರು ಕಟ್ಟಿದ ತಂತ್ರಾಂಶದ ಹೆಸರು ನಾನ್‌ವಿಷುಯಲ್ ಡೆಸ್ಕ್‌ಟಾಪ್ ಆಕ್ಸೆಸ್, ಬಳಕೆಯ ಮಾತಿನಲ್ಲಿ ಎನ್‌ವಿಡಿಎ. ಅದಕ್ಕೆ ಅವರು ಇಟ್ಟ ಬೆಲೆ ಸೊನ್ನೆ. ಅಂಧರ ನೆರವಿಗೆಂದು ಯುವಕರು ರೂಪಿಸಿದ ಉಪಕರಣಗಳ ಸುದ್ದಿ ಆಗಾಗ ಪತ್ರಿಕೆಗಳಲ್ಲಿ ಬರುತ್ತಲೇ ಇರುತ್ತದೆ. ಬಹುಮಾನ ಪಡೆದು ಅಲ್ಲಿಗೇ ನಿಲ್ಲುವವು ಹಲವು. ಎನ್‌ವಿಡಿಎ ಮಾತ್ರ ನಿಲ್ಲದೆ ಜಗತ್ತಿನಾದ್ಯಂತ ಅಂಧರ ದಿನಬಳಕೆಯ ಸಾಧನವಾಯಿತು. ಅದು ಹೇಗೆ ಸಾಧ್ಯವಾಯಿತು, ಆ ಸಾಧನ ಕನ್ನಡಕ್ಕೆ ಬಂದು ಎಲ್ಲಿ ಮುಗ್ಗರಿಸುತ್ತಿದೆ ಎಂಬುದು ನಾವು ಕೂತು ಯೋಚಿಸಬೇಕಾದ ಸಂಗತಿ.

ಸ್ಕ್ರೀನ್ ರೀಡರ್ ಪರದೆಯ ಚಿತ್ರವನ್ನು ನೋಡಿ ಓದುತ್ತದೆ ಎಂದು ಬಹಳ ಜನ ತಿಳಿದಿದ್ದಾರೆ. ಅದು ಕೆಲಸ ಮಾಡುವ ಬಗೆ ಬೇರೆ. ನಮಗೆ ಕಾಣುವ ಪ್ರತಿಯೊಂದು ಬಟನ್, ಲಿಂಕ್, ಪಟ್ಟಿಯ ಹಿಂದೆ ಕಣ್ಣಿಗೆ ಕಾಣದ ವಿವರವೊಂದು ಇರುತ್ತದೆ: ಇದು ಯಾವ ಬಗೆಯದು, ಇದರ ಹೆಸರೇನು, ಈಗ ಯಾವ ಸ್ಥಿತಿಯಲ್ಲಿದೆ. ಈ ವಿವರವನ್ನು ಬೇರೆ ತಂತ್ರಾಂಶಗಳಿಗೆ ಒಪ್ಪಿಸಲು ವಿಂಡೋಸ್‌ನಲ್ಲಿ ಗೊತ್ತಾದ ವ್ಯವಸ್ಥೆಯಿದೆ. ಸ್ಕ್ರೀನ್ ರೀಡರ್ ಅದನ್ನು ಪಡೆದು ಮಾತಾಗಿ ಹೇಳುತ್ತದೆ, ಇಲ್ಲವೇ ಕಂಪ್ಯೂಟರಿಗೆ ಜೋಡಿಸಿದ ಬ್ರೈಲ್ ಪಟ್ಟಿಯ ಮೇಲೆ ಚುಕ್ಕಿಗಳಾಗಿ ಎಬ್ಬಿಸುತ್ತದೆ. ಹಳೆಯ ಸ್ಕ್ರೀನ್ ರೀಡರುಗಳು ಪರದೆಗೆ ಹೋಗುವ ಅಕ್ಷರಗಳನ್ನು ದಾರಿಯಲ್ಲೇ ಹಿಡಿದು ಊಹಿಸಬೇಕಿತ್ತು. ಆ ಕಸರತ್ತಿಗೆ ಭಾರಿ ಶ್ರಮ ಬೇಕಿತ್ತು. ಕರನ್ ಶುರುಮಾಡುವ ಹೊತ್ತಿಗೆ ಈ ಒಪ್ಪಿಸುವ ವ್ಯವಸ್ಥೆ ಒಂದು ಹದಕ್ಕೆ ಬಂದಿತ್ತು. ಅದನ್ನೇ ನೆಚ್ಚಿ, ಕಲಿಯಲು ಸುಲಭವಾದ ಪೈಥಾನ್ ಭಾಷೆಯಲ್ಲಿ ಅವರು ಬರೆದದ್ದರಿಂದ ಚಿಕ್ಕ ತಂಡವೊಂದು ದೊಡ್ಡ ಕೆಲಸಕ್ಕೆ ಕೈಹಾಕುವುದು ಸಾಧ್ಯವಾಯಿತು.

ಬಳಸುವವರ ಪಕ್ಕದಲ್ಲಿ ಕುಳಿತು ನೋಡಿದರೆ ಇದರ ಶಕ್ತಿ ಅರ್ಥವಾಗುತ್ತದೆ. ಕನ್ನಡ ವಿಕಿಪೀಡಿಯದ ಉದ್ದನೆಯ ಲೇಖನವೊಂದು ತೆರೆದಿದೆ ಎನ್ನಿ. ಅದನ್ನು ಮೊದಲಿಂದ ಕೊನೆಯವರೆಗೆ ಕೇಳುತ್ತ ಕೂರುವ ಅಗತ್ಯವಿಲ್ಲ. ಇಂಗ್ಲಿಷಿನ ಎಚ್ ಕೀಲಿ ಒತ್ತಿದರೆ ಮುಂದಿನ ಶೀರ್ಷಿಕೆಗೆ ಜಿಗಿಯಬಹುದು, ಕೆ ಒತ್ತಿದರೆ ಮುಂದಿನ ಲಿಂಕಿಗೆ, ಟಿ ಒತ್ತಿದರೆ ಮುಂದಿನ ಕೋಷ್ಟಕಕ್ಕೆ, ಬಿ ಒತ್ತಿದರೆ ಮುಂದಿನ ಬಟನಿಗೆ. ಇನ್ಸರ್ಟ್ ಮತ್ತು ಎಫ್7 ಕೀಲಿಗಳನ್ನು ಒಟ್ಟಿಗೆ ಒತ್ತಿದರೆ ಪುಟದಲ್ಲಿರುವ ಲಿಂಕುಗಳೋ ಶೀರ್ಷಿಕೆಗಳೋ ಪಟ್ಟಿಯಾಗಿ ಬರುತ್ತವೆ. ಕಣ್ಣಾಡಿಸಿ ಬೇಕಾದ್ದನ್ನು ಹೆಕ್ಕುವ ನಮ್ಮ ಕೆಲಸವನ್ನು ಅವರು ಬೆರಳು ಮತ್ತು ಕಿವಿಯಿಂದ ಮಾಡುತ್ತಾರೆ. ಪಳಗಿದವರು ದನಿಯ ವೇಗವನ್ನು ಎಷ್ಟು ಏರಿಸಿರುತ್ತಾರೆಂದರೆ ಪಕ್ಕದಲ್ಲಿರುವ ನಮಗೆ ಒಂದು ಪದವೂ ಹಿಡಿತಕ್ಕೆ ಸಿಗುವುದಿಲ್ಲ. ಆ ವೇಗದಲ್ಲೇ ಅವರು ಕಾಗುಣಿತದ ತಪ್ಪು ಹಿಡಿಯುತ್ತಾರೆ, ಲೆಕ್ಕಪತ್ರ ನೋಡುತ್ತಾರೆ, ಪ್ರೋಗ್ರಾಂ ಬರೆಯುತ್ತಾರೆ.

ಇಂಥ ತಂತ್ರಾಂಶಕ್ಕೆ ಅಷ್ಟು ಬೆಲೆ ಯಾಕಿತ್ತು? ಮಾರುತ್ತಿದ್ದವರು ದುರಾಸೆಯವರು ಎಂದುಬಿಟ್ಟರೆ ಅದು ಅನ್ಯಾಯದ ಮಾತು. ಜಾಸ್ ಎಂಬ ಪ್ರಸಿದ್ಧ ಸ್ಕ್ರೀನ್ ರೀಡರನ್ನು 1989ರಲ್ಲಿ ಹೊರತಂದ ಟೆಡ್ ಹೆಂಟರ್ ಕೂಡ ಅಪಘಾತದಲ್ಲಿ ದೃಷ್ಟಿ ಕಳೆದುಕೊಂಡವರು. ಒಂದಿಡೀ ತಲೆಮಾರಿಗೆ ಆ ತಂತ್ರಾಂಶ ಉದ್ಯೋಗದ ಬಾಗಿಲು ತೆರೆದಿದೆ. ತೊಡಕಿದ್ದದ್ದು ಲೆಕ್ಕದಲ್ಲಿ. ವಿಂಡೋಸ್ ಬದಲಾದಾಗಲೆಲ್ಲ, ವರ್ಡ್, ಎಕ್ಸೆಲ್, ಬ್ರೌಸರುಗಳು ಹೊಸ ರೂಪ ತಾಳಿದಾಗಲೆಲ್ಲ ಸ್ಕ್ರೀನ್ ರೀಡರನ್ನೂ ತಿದ್ದಬೇಕು. ಆ ದುಡಿಮೆಯ ಖರ್ಚು ಕೋಟಿಗಟ್ಟಲೆ ಗ್ರಾಹಕರ ಮೇಲೆ ಹಂಚಿಹೋಗುವುದಿಲ್ಲ; ಕೊಳ್ಳುವ ಕೆಲವರ ಮೇಲೇ ಬೀಳುತ್ತದೆ. ಅದರ ಮೇಲೆ, ಅಮೆರಿಕದಂಥ ದೇಶದಲ್ಲಿ ಬಹಳಷ್ಟು ಸಲ ಹಣ ತೆರುವುದು ಉದ್ಯೋಗ ಕೊಟ್ಟವರು, ಇಲ್ಲವೇ ಸರ್ಕಾರದ ಪುನರ್ವಸತಿ ಇಲಾಖೆ. ಆ ಜೇಬಿಗೆ ಹೊಂದುವಂತೆ ಗೊತ್ತಾದ ಬೆಲೆ ನಮ್ಮ ಕಡೆ ಬಂದಾಗ, ಕೂಲಿ ಮಾಡಿ ಮಗಳನ್ನು ಓದಿಸುವ ತಂದೆಯ ಜೇಬಿನ ಮೇಲೆ ಬೀಳುತ್ತಿತ್ತು. ಕೊನೆಗೆ ಉಳಿಯುತ್ತಿದ್ದುದು ಕಳ್ಳಪ್ರತಿ ಅಥವಾ ಕೈಚೆಲ್ಲುವುದು.

ಕರನ್ ಮತ್ತು ಟೇ ಈ ಲೆಕ್ಕದ ಬುಡವನ್ನೇ ಬದಲಿಸಿದರು. ಗ್ರಾಹಕರಿಂದ ಬೆಲೆ ವಸೂಲಿ ಮಾಡುವ ಬದಲು ಲಾಭದ ಉದ್ದೇಶವಿಲ್ಲದ ಎನ್‌ವಿ ಆಕ್ಸೆಸ್ ಎಂಬ ಸಂಸ್ಥೆ ಕಟ್ಟಿ, ದೇಣಿಗೆ ಮತ್ತು ಅನುದಾನದಿಂದ ಕೆಲಸ ನಡೆಸಿದರು. ಆರಂಭದ ವರ್ಷಗಳಲ್ಲಿ ಫೈರ್‌ಫಾಕ್ಸ್ ಬ್ರೌಸರಿನ ಮೊಜಿಲ್ಲಾ ಪ್ರತಿಷ್ಠಾನ ನೆರವಿಗೆ ಬಂತು. ಮುಂದೆ ಮೈಕ್ರೋಸಾಫ್ಟ್‌ನಂಥ ಕಂಪನಿಗಳೂ ಕೈಜೋಡಿಸಿದವು. ಎನ್‌ವಿಡಿಎಯ ಮೂಲ ಸಂಕೇತವನ್ನು ಯಾರು ಬೇಕಾದರೂ ನೋಡಬಹುದು, ತಿದ್ದಬಹುದು, ಹಂಚಬಹುದು. ಹಾಗಾಗಿ ತಮ್ಮ ನುಡಿಗೆ ಅದನ್ನು ಒಗ್ಗಿಸುವ ಸ್ವಯಂಸೇವಕರು ಊರೂರಿನಲ್ಲಿ ಹುಟ್ಟಿಕೊಂಡರು. ಇಂದು ಅದು 50ಕ್ಕೂ ಹೆಚ್ಚು ಭಾಷೆಗಳಲ್ಲಿದೆ. ಪೆನ್‌ಡ್ರೈವಿನಲ್ಲಿ ಹಾಕಿಕೊಂಡು ಹೋಗಿ ಯಾವುದೇ ವಿಂಡೋಸ್ ಕಂಪ್ಯೂಟರಿನಲ್ಲಿ ಇನ್‌ಸ್ಟಾಲ್ ಮಾಡದೆಯೇ ಓಡಿಸುವ ಅನುಕೂಲವನ್ನೂ ಕೊಟ್ಟರು. ಇದು ಸಣ್ಣ ಸಂಗತಿಯಂತೆ ಕಾಣಬಹುದು. ಲೈಸೆನ್ಸು ಒಂದೆರಡು ಕಂಪ್ಯೂಟರಿಗೆ ಕಟ್ಟುಬಿದ್ದಿದ್ದ ಕಾಲದಲ್ಲಿ ಕಾಲೇಜಿನ ಲ್ಯಾಬು, ಸೈಬರ್ ಸೆಂಟರು, ಗೆಳೆಯನ ಮನೆ, ಹೊಸ ಕಚೇರಿ ಯಾವುದೂ ಅಂಧರ ಪಾಲಿಗೆ ಇರಲಿಲ್ಲ. ಜೇಬಿನಲ್ಲೊಂದು ಪೆನ್‌ಡ್ರೈವ್ ಇದ್ದರೆ ಆ ಎಲ್ಲ ಕಂಪ್ಯೂಟರುಗಳೂ ಅವರವಾದವು.

ವೆಬ್ ಸೌಲಭ್ಯ ಎಲ್ಲರಿಗೂ ಎಟುಕುವಂತೆ ಕೆಲಸ ಮಾಡುವ ಅಮೆರಿಕದ ವೆಬ್‌ಏಮ್ ಎಂಬ ಸಂಸ್ಥೆ ಸ್ಕ್ರೀನ್ ರೀಡರ್ ಬಳಸುವವರನ್ನು ಆಗಾಗ ಸಮೀಕ್ಷೆ ಮಾಡುತ್ತದೆ. 2024ರಲ್ಲಿ ಪ್ರಕಟವಾದ ಸಮೀಕ್ಷೆಯಲ್ಲಿ ನೂರಕ್ಕೆ 65ಕ್ಕೂ ಹೆಚ್ಚು ಮಂದಿ ತಾವು ಎನ್‌ವಿಡಿಎ ಬಳಸುವುದಾಗಿ ಹೇಳಿದ್ದರು. ಪುಕ್ಕಟೆ ಸಿಗುವುದು ಕಳಪೆಯಾಗಿರುತ್ತದೆ ಎಂಬ ನಂಬಿಕೆಗೆ ಇದಕ್ಕಿಂತ ಗಟ್ಟಿ ಉತ್ತರ ಬೇಕಿಲ್ಲ.

ಇದು ಗೆದ್ದದ್ದಕ್ಕೆ ಬೆಲೆಯೊಂದೇ ಕಾರಣವಲ್ಲ. ಕಟ್ಟಿದವರೇ ಬಳಸುವವರಾಗಿದ್ದರು. ಫೈಲೊಂದು ಡೌನ್‌ಲೋಡ್ ಆಗುತ್ತಿರುವಾಗ ಪರದೆಯ ಮೇಲೆ ಪಟ್ಟಿಯೊಂದು ತುಂಬುತ್ತ ಹೋಗುವುದನ್ನು ನಾವು ಓರೆಗಣ್ಣಿನಲ್ಲೇ ಗಮನಿಸುತ್ತೇವೆ. ಎನ್‌ವಿಡಿಎ ಅದನ್ನು ಸಣ್ಣ ಸಣ್ಣ ಬೀಪ್ ಸದ್ದಾಗಿ ಕೇಳಿಸುತ್ತದೆ. ಕೆಲಸ ಮುಗಿಯುತ್ತ ಬಂದಂತೆ ಆ ಸದ್ದಿನ ಶ್ರುತಿ ಏರುತ್ತದೆ. ಕೇಳುವವರು ಬೇರೇನನ್ನೋ ಓದುತ್ತಲೇ, ಇನ್ನೆಷ್ಟು ಬಾಕಿ ಎಂದು ತಿಳಿಯಬಹುದು. ಶೇಕಡಾವಾರನ್ನು ಪದೇ ಪದೇ ಬಾಯಿಬಿಟ್ಟು ಹೇಳಿದರೆ ಕಿವಿಗೆ ಎಷ್ಟು ಕಿರಿಕಿರಿ ಎಂಬುದು ಕಿವಿಯಿಂದಲೇ ದಿನವೆಲ್ಲ ದುಡಿಯುವವರಿಗೆ ಗೊತ್ತು.

ಬಳಸುವವರೇ ಕಟ್ಟಿದರೆ ಚೆನ್ನ ಎಂಬ ಮಾತಿಗೆ ಇನ್ನೂ ಹಳೆಯ ಸಾಕ್ಷಿಯಿದೆ. ಫ್ರಾನ್ಸಿನಲ್ಲಿ ಚಾರ್ಲ್ಸ್ ಬಾರ್ಬಿಯೆ ಎಂಬವರು ಉಬ್ಬು ಚುಕ್ಕಿಗಳ ಬರವಣಿಗೆಯೊಂದನ್ನು ರೂಪಿಸಿದ್ದರು. ಅದರಲ್ಲಿ ಒಂದು ಸಂಜ್ಞೆಗೆ 12 ಚುಕ್ಕಿಗಳವರೆಗೆ ಜಾಗ. ನೋಡುವ ಕಣ್ಣಿಗೆ ಅದು ಅಚ್ಚುಕಟ್ಟಾಗಿಯೇ ಇತ್ತು. ಆದರೆ ಬೆರಳ ತುದಿ ಒಂದೇ ಸ್ಪರ್ಶಕ್ಕೆ ಅಷ್ಟು ಚುಕ್ಕಿಗಳನ್ನು ಗ್ರಹಿಸಲಾರದು ಎಂದು ಕಂಡುಕೊಂಡವನು ಪ್ಯಾರಿಸ್ಸಿನ ಅಂಧ ಶಾಲೆಯ ಹುಡುಗ ಲೂಯಿ ಬ್ರೈಲ್. 1824ರ ಹೊತ್ತಿಗೆ, ತನ್ನ 15ನೇ ವಯಸ್ಸಿನಲ್ಲಿ, ಅವನು ಅದನ್ನು ಆರು ಚುಕ್ಕಿಗಳ ಮನೆಗೆ ಇಳಿಸಿದ. ಇಂದು ಕನ್ನಡವೂ ಭಾರತಿ ಬ್ರೈಲ್ ಪದ್ಧತಿಯ ಮೂಲಕ ಅದೇ ಆರು ಚುಕ್ಕಿಗಳಲ್ಲಿ ಅಚ್ಚಾಗುತ್ತದೆ. ಅಂಧರಿಗಾಗಿ ಏನನ್ನಾದರೂ ಕಂಡುಹಿಡಿಯಹೊರಟ ಎಂಜಿನಿಯರಿಂಗ್ ವಿದ್ಯಾರ್ಥಿಗಳು ಮೊದಲು ಮಾಡಬೇಕಾದದ್ದು ಅಂಧ ಗೆಳೆಯರನ್ನು ತಂಡಕ್ಕೆ ಸೇರಿಸಿಕೊಳ್ಳುವುದು. ಕೊನೆಯಲ್ಲಿ ಪರೀಕ್ಷೆಗೆಂದು ಕರೆದರೆ ಸಾಲದು, ಯಾವ ಸಮಸ್ಯೆ ಬಿಡಿಸಬೇಕೆಂದು ತೀರ್ಮಾನಿಸುವಾಗಲೇ ಅವರು ಅಲ್ಲಿರಬೇಕು.

ಇನ್ನು ಕನ್ನಡದ ವಿಷಯ. ಎನ್‌ವಿಡಿಎ ಜೊತೆಗೇ ಬರುವ ದನಿಯ ಎಂಜಿನ್ ಈಸ್ಪೀಕ್ ಎನ್‌ಜಿ. ಇದೂ ಉಚಿತ, ಇದರ ಮೂಲವನ್ನು ಬರೆದವರು ಜೊನಾಥನ್ ಡಡಿಂಗ್ಟನ್. ಮನುಷ್ಯರ ದನಿಯನ್ನು ರೆಕಾರ್ಡ್ ಮಾಡಿ ಜೋಡಿಸುವ ಬದಲು ಲೆಕ್ಕಾಚಾರದಿಂದಲೇ ಸ್ವರಗಳನ್ನು ಹುಟ್ಟಿಸುವುದರಿಂದ ಇದು ತೀರಾ ಚಿಕ್ಕದು. ಹಳೆಯ ಕಂಪ್ಯೂಟರಿನಲ್ಲೂ ತಡವರಿಸದೆ ಓಡುತ್ತದೆ. ದನಿ ಯಂತ್ರದ್ದೇ, ಇಂಪಿಲ್ಲ. ಆದರೆ ವೇಗ ಹೆಚ್ಚಿಸಿದರೂ ಅಕ್ಷರ ಸ್ಪಷ್ಟ. ಮುಖ್ಯವಾದ ಮಾತೆಂದರೆ ಇದು ಕನ್ನಡ ಓದುತ್ತದೆ. ಬ್ರೈಲ್ ಪಟ್ಟಿ ಇದ್ದವರಿಗೆ ಲಿಬ್‌ಲೂಯಿ ಎಂಬ ಇನ್ನೊಂದು ಮುಕ್ತ ತಂತ್ರಾಂಶ ಕನ್ನಡವನ್ನು ಬ್ರೈಲ್ ಚುಕ್ಕಿಗಳಿಗೆ ತಿರುಗಿಸಿಕೊಡುತ್ತದೆ. ಆಂಡ್ರಾಯ್ಡ್ ಫೋನುಗಳಲ್ಲಿರುವ ಟಾಕ್‌ಬ್ಯಾಕ್ ಕೂಡ ಕನ್ನಡ ಮಾತಾಡುತ್ತದೆ. ಅಂದರೆ ಓದುವ ಯಂತ್ರ, ಓದುವ ದನಿ, ಎರಡೂ ಕಾಸಿಲ್ಲದೆ ಕನ್ನಡಿಗರ ಕೈಗೆ ಬಂದಿವೆ.

ಆದರೂ ಕಣ್ಣು ಕಾಣದ ಕನ್ನಡಿಗರು ನಿತ್ಯ ಎಡವುತ್ತಾರೆ. ಎಡವುವ ಕಲ್ಲುಗಳನ್ನು ಇಟ್ಟವರು ನಾವು.

ಮೊದಲ ಕಲ್ಲು ಹಳೆಯ ಫಾಂಟುಗಳದ್ದು. ಯೂನಿಕೋಡ್ ಎಂಬ ಜಾಗತಿಕ ಅಕ್ಷರ ಸಂಕೇತ ಪದ್ಧತಿಯ 1991ರಲ್ಲಿ ಬಂದ ಮೊದಲ ಆವೃತ್ತಿಯಲ್ಲೇ ಕನ್ನಡ ಅಕ್ಷರಗಳಿಗೆ ಜಾಗ ಸಿಕ್ಕಿದೆ. ಆದರೂ ಎಷ್ಟೋ ಸುತ್ತೋಲೆಗಳು, ಪಠ್ಯಗಳು, ಪುಸ್ತಕಗಳು ಇಂದಿಗೂ ‘ನುಡಿ’ ಎಂಬ ಕನ್ನಡ ಟೈಪಿಂಗ್ ತಂತ್ರಾಂಶದ ಹಳೆಯ ಆಸ್ಕಿ ಫಾಂಟುಗಳಲ್ಲೇ ತಯಾರಾಗುತ್ತವೆ. ಆ ಪದ್ಧತಿಯಲ್ಲಿ ‘ಕನ್ನಡ’ ಎಂದು ಟೈಪಿಸಿದರೆ ಕಂಪ್ಯೂಟರಿನ ಒಳಗೆ ಉಳಿಯುವುದೇನು ಗೊತ್ತೇ? ಇಂಗ್ಲಿಷಿನ ಪಿ, ತಲೆಯ ಮೇಲೆ ಓರೆ ಗೀಟಿರುವ ಎ, ಬ್ರಿಟಿಷ್ ಪೌಂಡಿನ ಗುರುತು, ಮತ್ತೆ ಗೀಟಿನ ಎ, ಜರ್ಮನ್ ಬರವಣಿಗೆಯ ಜೋಡಿ ಎಸ್, ಆಮೇಲೆ ಕ್ಯೂ, ಮತ್ತೊಮ್ಮೆ ಗೀಟಿನ ಎ. ಅವುಗಳ ಮೇಲೆ ಕನ್ನಡದ ಆಕಾರ ಕೂರಿಸಿರುವುದರಿಂದ ಕಣ್ಣಿಗೆ ಅಂದವಾದ ಕನ್ನಡ ಕಾಣುತ್ತದೆ. ಸ್ಕ್ರೀನ್ ರೀಡರಿಗೆ ಆಕಾರ ಕಾಣದು. ಒಳಗಿರುವುದನ್ನೇ ಅದು ಓದುತ್ತದೆ. ನಾಲ್ಕು ಪುಟದ ಸರ್ಕಾರಿ ಆದೇಶ ಕಿವಿಗೆ ಬೀಳುವುದು ಪಿ, ಎ, ಪೌಂಡ್, ಕ್ಯೂ ಎಂಬ ಗದ್ದಲವಾಗಿ. ಪಿಂಚಣಿಯ ಆದೇಶವೇ ಇರಲಿ, ನೇಮಕಾತಿಯ ಪ್ರಕಟಣೆಯೇ ಇರಲಿ, ಗತಿ ಒಂದೇ. ‘ನುಡಿ’, ‘ಬರಹ’ ಎರಡೂ ತಂತ್ರಾಂಶಗಳಲ್ಲಿ ಯೂನಿಕೋಡಿನಲ್ಲಿ ಬರೆಯುವ ಅನುಕೂಲ ಬಂದು ಬಹಳ ಕಾಲವಾಯಿತು. ಬದಲಾಗದೆ ಉಳಿದಿರುವುದು ರೂಢಿ.

ಎರಡನೆಯದು ಚಿತ್ರವಾಗಿ ಹಂಚುವ ಬರಹ. ಸಹಿ, ಮೊಹರು ಬಿದ್ದ ಕಾಗದವನ್ನು ಸ್ಕ್ಯಾನ್ ಮಾಡಿ ಪಿಡಿಎಫ್ ಎಂದು ಜಾಲತಾಣಕ್ಕೆ ಏರಿಸುತ್ತೇವೆ. ಶಾಲೆಯ ಸೂಚನೆ, ಸಾಹಿತ್ಯ ಕಾರ್ಯಕ್ರಮದ ಆಹ್ವಾನ, ಪತ್ರಿಕೆಯ ಲೇಖನ ಎಲ್ಲವೂ ವಾಟ್ಸ್‌ಆ್ಯಪಿನಲ್ಲಿ ಫೋಟೋ ಆಗಿಯೇ ಓಡಾಡುತ್ತವೆ. ಸ್ಕ್ರೀನ್ ರೀಡರಿಗೆ ಅಲ್ಲಿ ಅಕ್ಷರವೇ ಇಲ್ಲ. ಚಿತ್ರದೊಳಗಿನ ಅಕ್ಷರಗಳನ್ನು ಗುರುತಿಸುವ ಓಸಿಆರ್ ತಂತ್ರಾಂಶಗಳು ಕನ್ನಡಕ್ಕೂ ಬಂದಿವೆ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ಪ್ರೊ. ಎ.ಜಿ. ರಾಮಕೃಷ್ಣನ್ ಅವರ ತಂಡ ರೂಪಿಸಿದ ‘ಲಿಪಿ ಜ್ಞಾನಿ’ ಅಂಥದ್ದೊಂದು. ಹಳೆಯ ಪುಸ್ತಕಗಳಿಗೆ ಅದು ವರದಾನ. ಆದರೆ ಇವತ್ತು ಬೆಳಿಗ್ಗೆ ಕಂಪ್ಯೂಟರಿನಲ್ಲೇ ಟೈಪಾದ ಪತ್ರವನ್ನು ಮುದ್ರಿಸಿ, ಸ್ಕ್ಯಾನ್ ಮಾಡಿ, ಮತ್ತೆ ಅಕ್ಷರ ಗುರುತಿಸಿಕೊಳ್ಳಿ ಎನ್ನುವುದರಲ್ಲಿ ಯಾವ ಅರ್ಥವೂ ಇಲ್ಲ. ಕಾನೂನಂತೂ ದಾರಿ ಬಿಟ್ಟುಕೊಟ್ಟಿದೆ. ಅಂಧರು ಓದುವ ರೂಪಕ್ಕೆ ಪುಸ್ತಕಗಳನ್ನು ಪರಿವರ್ತಿಸಲು 2012ರ ಕೃತಿಸ್ವಾಮ್ಯ ತಿದ್ದುಪಡಿ ಅವಕಾಶ ಕೊಟ್ಟಿದೆ. ಇದೇ ಉದ್ದೇಶದ ಮರಾಕೆಶ್ ಅಂತಾರಾಷ್ಟ್ರೀಯ ಒಪ್ಪಂದವನ್ನು 2014ರಲ್ಲಿ ಜಗತ್ತಿನಲ್ಲೇ ಎಲ್ಲರಿಗಿಂತ ಮೊದಲು ಅನುಮೋದಿಸಿದ ದೇಶ ಭಾರತ.

ಮೂರನೆಯದು ಹೆಸರಿಲ್ಲದ ಬಟನುಗಳು. ಕೆಂಪು ಬಣ್ಣದ ಗುರುತಿದ್ದರೆ ರದ್ದು, ಬಾಣವಿದ್ದರೆ ಮುಂದಕ್ಕೆ ಎಂದು ನಾವು ಕಣ್ಣಿನಿಂದಲೇ ತಿಳಿಯುತ್ತೇವೆ. ಆ್ಯಪ್ ಮಾಡಿದವರು ಹಿಂದೆ ಒಂದು ಪದ ಬರೆದಿಡದಿದ್ದರೆ ಸ್ಕ್ರೀನ್ ರೀಡರ್ ‘ಬಟನ್, ಬಟನ್, ಬಟನ್’ ಎಂದಷ್ಟೇ ಹೇಳುತ್ತದೆ. ಹಣ ಕಳಿಸುವ ಪುಟದಲ್ಲಿ ಯಾವ ಬಟನ್ ಒತ್ತಬೇಕು? ವೆಬ್‌ಏಮ್ ಪ್ರತಿವರ್ಷ ಜಗತ್ತಿನ ಹತ್ತು ಲಕ್ಷ ಜಾಲತಾಣಗಳ ಮುಖಪುಟಗಳನ್ನು ಪರಿಶೀಲಿಸುತ್ತದೆ. ಅವುಗಳಲ್ಲಿ ಅರ್ಧಕ್ಕೂ ಹೆಚ್ಚಿನ ಪುಟಗಳಲ್ಲಿ ಚಿತ್ರಗಳಿಗೆ ವಿವರಣೆ ಬರೆಯದೆ ಬಿಟ್ಟಿರುವುದು ಕಂಡುಬಂದಿದೆ. ವಕ್ರ ಅಕ್ಷರಗಳ ಕ್ಯಾಪ್ಚಾ ಇನ್ನೊಂದು ಗೋಡೆ. ಬ್ಯಾಂಕು, ಸಿಮ್ ಕಾರ್ಡಿನ ಕೆವೈಸಿಗೆ ಕ್ಯಾಮೆರಾ ಮುಂದೆ ಕಣ್ಣು ಮಿಟುಕಿಸಿ ಎಂದು ಕೇಳುವುದಂತೂ ಕಣ್ಣಿಲ್ಲದವರನ್ನು ಲೆಕ್ಕಕ್ಕೇ ತೆಗೆದುಕೊಳ್ಳದ ನಡೆ. 2025ರ ಏಪ್ರಿಲ್ 30ರಂದು ಸುಪ್ರೀಂ ಕೋರ್ಟ್ ಈ ಬಗ್ಗೆ ಮಹತ್ವದ ತೀರ್ಪು ಕೊಟ್ಟಿತು. ಡಿಜಿಟಲ್ ಸೇವೆಗಳನ್ನು ಪಡೆಯುವ ಹಕ್ಕು ಸಂವಿಧಾನದ 21ನೇ ವಿಧಿಯ ಜೀವಿಸುವ ಹಕ್ಕಿನ ಭಾಗವೆಂದು ಹೇಳಿ, ಕೆವೈಸಿ ಪ್ರಕ್ರಿಯೆ ಅಂಧರಿಗೂ ಆಸಿಡ್ ದಾಳಿಗೆ ಒಳಗಾದವರಿಗೂ ಎಟುಕುವಂತೆ ಬದಲಿಸಲು ನಿರ್ದೇಶನ ನೀಡಿತು.

2011ರ ಜನಗಣತಿಯ ಪ್ರಕಾರ ದೇಶದಲ್ಲಿ ದೃಷ್ಟಿದೋಷವುಳ್ಳವರು 50 ಲಕ್ಷಕ್ಕೂ ಹೆಚ್ಚು. ಇವರೆಲ್ಲರ ಕೈಗೆ ಎನ್‌ವಿಡಿಎ ಒಂದನ್ನೇ ಕೊಟ್ಟರೆ ಸಾಕು ಎಂದು ನಾನು ಹೇಳುತ್ತಿಲ್ಲ. ತಂತ್ರಾಂಶ ಉಚಿತವಾದರೂ ಕಂಪ್ಯೂಟರ್ ಉಚಿತವಲ್ಲ. ಹೇಳಿಕೊಡುವ ಶಿಕ್ಷಕರು ಜಿಲ್ಲಾ ಕೇಂದ್ರಗಳಾಚೆ ವಿರಳ. ಕೇಳಿ ಕಲಿಯುವ ಮಗುವಿಗೆ ಒತ್ತಕ್ಷರ, ಅಲ್ಪಪ್ರಾಣ, ಮಹಾಪ್ರಾಣದ ವ್ಯತ್ಯಾಸ ಬೆರಳಿಗೆ ತಾಕುವ ಬ್ರೈಲಿನಿಂದಲೇ ಗಟ್ಟಿಯಾಗಬೇಕು. ಬಿಳಿ ಕೋಲು ಹಿಡಿದು ಹೊರಟವರಿಗೆ ಕಾಲುದಾರಿ ಸರಿಯಿರಬೇಕು. ಆದರೆ ಅರ್ಜಿ, ಪಠ್ಯ, ಬ್ಯಾಂಕು, ಉದ್ಯೋಗ ಎಲ್ಲವೂ ಪರದೆಯೊಳಗೆ ಹೋಗಿರುವ ಈ ಕಾಲದಲ್ಲಿ, ಪರದೆ ಓದಲು ಬಂದರೆ ಉಳಿದ ಹಕ್ಕುಗಳನ್ನು ಸ್ವತಃ ಕೇಳಿ ಪಡೆಯುವ ಬಲ ಬರುತ್ತದೆ.

ನಮ್ಮ ಪಾಲಿನ ಕೆಲಸಕ್ಕೆ ಹೊಸ ಸಂಶೋಧನೆಯೂ ಬೇಡ, ದೊಡ್ಡ ಬಜೆಟ್ಟೂ ಬೇಡ. ಕನ್ನಡದಲ್ಲಿ ಬರೆಯುವುದನ್ನೆಲ್ಲ ಯೂನಿಕೋಡಿನಲ್ಲಿ ಬರೆಯಬೇಕು. ಶೀರ್ಷಿಕೆಯನ್ನು ಬರೀ ದಪ್ಪ ಅಕ್ಷರ ಮಾಡಿ ಬಿಡದೆ ವರ್ಡ್‌ನಲ್ಲಿರುವ ಹೆಡಿಂಗ್ ಸ್ಟೈಲ್ ಬಳಸಬೇಕು; ಎಚ್ ಕೀಲಿ ಒತ್ತಿ ಜಿಗಿಯುವವರಿಗೆ ಅದೇ ಮೆಟ್ಟಿಲು. ಸ್ಕ್ಯಾನ್ ಪ್ರತಿ ಹಾಕಲೇಬೇಕಾದರೆ ಜೊತೆಗೆ ಟೈಪಿಸಿದ ಮೂಲ ಕಡತವನ್ನೂ ಹಾಕಬೇಕು. ವಾಟ್ಸ್‌ಆ್ಯಪಿಗೆ ಆಹ್ವಾನ ಪತ್ರಿಕೆಯ ಚಿತ್ರ ಹಾಕಿದರೆ ದಿನ, ಹೊತ್ತು, ಜಾಗವನ್ನು ಕೆಳಗೆ ನಾಲ್ಕು ಸಾಲಿನಲ್ಲಿ ಬರೆಯಬೇಕು. ಪ್ರಕಾಶಕರು ಮುದ್ರಣಕ್ಕೆ ಕಳಿಸುವ ಕಡತದ ಯೂನಿಕೋಡ್ ಪ್ರತಿಯನ್ನು ಅಂಧರ ಗ್ರಂಥಾಲಯಗಳಿಗೆ ಕೊಡಬಹುದು. 2016ರ ಅಂಗವಿಕಲರ ಹಕ್ಕುಗಳ ಕಾಯ್ದೆ ಮಾಹಿತಿ ಎಲ್ಲರಿಗೂ ಎಟುಕುವ ರೂಪದಲ್ಲಿರಬೇಕೆಂದು ಹೇಳಿಯಾಗಿದೆ. ಅದನ್ನು ಪಾಲಿಸಿರೆಂದು ಪ್ರತಿ ಕಚೇರಿಯನ್ನೂ ನಾಗರಿಕರಾಗಿ ನಾವು ಕೇಳಬೇಕು.

ಜಾಲತಾಣ ನಡೆಸುವವರು, ಆ್ಯಪ್ ಬರೆಯುವವರು, ಇಲಾಖೆಯ ಪುಟಗಳನ್ನು ನೋಡಿಕೊಳ್ಳುವವರು ಒಂದು ಪರೀಕ್ಷೆ ಮಾಡಿ ನೋಡಲಿ. ಎನ್‌ವಿಡಿಎ ಇಳಿಸಿಕೊಳ್ಳಿ, ಕಾಸು ಬೇಡ. ಅದರಲ್ಲಿ ಸ್ಕ್ರೀನ್ ಕರ್ಟನ್ ಎಂಬ ಸೌಲಭ್ಯವಿದೆ. ಹಾಕಿದರೆ ಪರದೆ ಪೂರ್ತಿ ಕಪ್ಪಾಗುತ್ತದೆ. ಮೌಸ್ ಪಕ್ಕಕ್ಕಿಟ್ಟು, ನೀವೇ ತಯಾರಿಸಿದ ಅರ್ಜಿಯನ್ನು ಕಿವಿಯ ನೆರವಿನಿಂದ ಮೊದಲಿಂದ ಕೊನೆಯವರೆಗೆ ತುಂಬಿ. ಎಲ್ಲಿ ಸಿಕ್ಕಿಕೊಂಡಿರೋ ಅಲ್ಲಿ ದಿನವೂ ಸಾವಿರಾರು ಜನ ಸಿಕ್ಕಿಕೊಳ್ಳುತ್ತಿದ್ದಾರೆ. ಅಲ್ಲಿಂದಲೇ ದುರಸ್ತಿ ಶುರುವಾಗಲಿ. ಇಬ್ಬರು ಅಂಧ ಗೆಳೆಯರು ಉಪಕರಣದ ಬೆಲೆಯನ್ನು ಸೊನ್ನೆಗಿಳಿಸಿ ಎರಡು ದಶಕವಾಗುತ್ತ ಬಂತು. ಇನ್ನೂ ಕನ್ನಡದ ಒಂದು ಅರ್ಜಿ ತುಂಬಲು ಅಂಧರೊಬ್ಬರು ಪಕ್ಕದವರ ಕಣ್ಣನ್ನು ಕಾಯಬೇಕಾದರೆ, ಅದಕ್ಕೆ ಆ ಅರ್ಜಿಯನ್ನು ಬರೆದ ನಾವೇ ಹೊಣೆ.